ಪದಚರ್ಚೆ: ‘ಇದ್ದನು’ ಬೇಕೋ, ‘ಇದ್ದನಂತೆ’ ಬೇಕೋ? ಮಕ್ಕಳ ಕತೆಯಲ್ಲಿ ‘ಅಂತೆ’

ಪ್ರಶ್ನೆ

ನಮಸ್ಕಾರ. ಬೇರೆ ಬೇರೆ ದೇಶಗಳ ಜನಪದ ಕತೆಗಳನ್ನು ಎಂಟು-ಹತ್ತು ವರ್ಷದ ಮಕ್ಕಳಿಗಾಗಿ ಕನ್ನಡದಲ್ಲಿ ಬರೆಯುವಾಗ ಮೊದಲ ಸಾಲಿನಲ್ಲೇ ಒಂದು ತೊಡಕು. ಬಾಯಲ್ಲಿ ಹೇಳುವ ಕತೆ “ಒಂದೂರಲ್ಲಿ ಒಬ್ಬ ರಾಜ ಇದ್ದನಂತೆ” ಎಂದು ಶುರುವಾಗುತ್ತದೆ. ಅಚ್ಚಿನಲ್ಲಿ ಅದೇ “ಒಂದಾನೊಂದು ಕಾಲದಲ್ಲಿ ಒಬ್ಬ ರಾಜನಿದ್ದನು” ಆಗುತ್ತದೆ. ಕತೆ ಜರ್ಮನಿಯದಾಗಲಿ, ರಷ್ಯಾದ್ದಾಗಲಿ, ಟರ್ಕಿಯದಾಗಲಿ, ಕನ್ನಡದಲ್ಲಿ ಎಲ್ಲಕ್ಕೂ ಇದೊಂದೇ ಬಾಗಿಲು.

ಕೇಳಬೇಕಾದ್ದು ಇಷ್ಟು. ಬರವಣಿಗೆಯಲ್ಲಿ ‘ಅಂತೆ’ ಬಳಸಬಹುದೇ? ಬಳಸಿದರೆ ಪ್ರತಿ ವಾಕ್ಯಕ್ಕೂ ಹಚ್ಚಬೇಕೇ? ಮೂಲದಲ್ಲಿ ಅಂಥ ಪದವೇ ಇಲ್ಲದಿದ್ದಾಗ ಕನ್ನಡದಲ್ಲಿ ಸೇರಿಸುವುದು ಅತಿಯಾಗುವುದಿಲ್ಲವೇ?

ಉತ್ತರ

ಬಳಸಬಹುದು ಅಷ್ಟೇ ಅಲ್ಲ, ಬಳಸದಿದ್ದರೆ ಕತೆಯ ದನಿಯೇ ಬದಲಾಗುತ್ತದೆ. “ರಾಜನಿದ್ದನು” ಎಂದರೆ ಚರಿತ್ರೆ ಪುಸ್ತಕ. “ರಾಜ ಇದ್ದನಂತೆ” ಎಂದರೆ ಹೇಳುವವರು ಕಂಡದ್ದಲ್ಲ, ಅವರೂ ಯಾರಿಂದಲೋ ಕೇಳಿದ್ದು, ಈಗ ನಿಮಗೆ ದಾಟಿಸುತ್ತಿದ್ದಾರೆ. ಎರಡಕ್ಷರದಲ್ಲಿ ಇಷ್ಟೆಲ್ಲ ಹೇಳುವ ಪದ ಕೈಯಲ್ಲಿರುವಾಗ ಅದನ್ನು ಬಿಟ್ಟು “ರಾಜನಿದ್ದನೆಂದು ಹೇಳಲಾಗುತ್ತದೆ” ಎಂದು ಬರೆಯುವವರೂ ಇದ್ದಾರೆ. ಅದನ್ನು ಓದಿದರೆ ರಾಜನ ಮೇಲೆ ದೂರು ದಾಖಲಾದ ಹಾಗಿರುತ್ತದೆ.

ರೂಪದ ವಿಚಾರ ಮೊದಲು ನೋಡೋಣ, ತಪ್ಪುಗಳು ಹೆಚ್ಚಾಗಿ ಆಗುವುದು ಇಲ್ಲೇ. ಕನ್ನಡದಲ್ಲಿ ‘ಅಂತೆ’ ಎರಡು. ಒಂದು ‘ಹಾಗೆ’ ಎಂಬ ಅರ್ಥದ್ದು: ಹೂವಿನಂತೆ, ಹೇಳಿದಂತೆ. ಇನ್ನೊಂದು ಕೇಳಿಕೆಯದು: ಬಂದನಂತೆ, ಮಳೆಯಾಯಿತಂತೆ. ಕ್ರಿಯೆಯ ಜೊತೆ ಬಂದಾಗ ಕೇಳಿಕೆಯ ‘ಅಂತೆ’ ವಾಕ್ಯ ಮುಗಿಸುವ ಪೂರ್ಣಕ್ರಿಯಾಪದಕ್ಕೆ ಹತ್ತುತ್ತದೆ, ಹೋಲಿಕೆಯ ‘ಅಂತೆ’ ಕೃದಂತಕ್ಕೆ, ಅಂದರೆ ಮುಂದೆ ಇನ್ನೊಂದು ಪದ ಬೇಡುವ ‘ಹೇಳಿದ’, ‘ಹೋದ’ದಂಥ ರೂಪಕ್ಕೆ. ಹಾಗಾಗಿ ‘ಹೋದನಂತೆ’ ಬೇರೆ, ‘ಹೋದಂತೆ’ ಬೇರೆ. “ಹುಡುಗ ಕಾಡಿಗೆ ಹೋದ” ಎಂದು ಆಡುಮಾತಿನ ಧಾಟಿಯಲ್ಲಿ ಬರೆಯುವವರು ಅದೇ ‘ಹೋದ’ಕ್ಕೆ ಅಂತೆ ಅಂಟಿಸಿ “ಹೋದಂತೆ” ಮಾಡಿಬಿಡುತ್ತಾರೆ. ಒಂದು ‘ನ’ ಬಿದ್ದುಹೋಯಿತು, ಹುಡುಗ ಹೋಗಲೇ ಇಲ್ಲ, ಹೋದ ಹಾಗೆ ಕಂಡ. ಗದ್ಯದಲ್ಲಿ ಎಲ್ಲೆಡೆ ‘ಹೋದ, ಬಂದ’ ಎಂದೇ ಬರೆದರೂ ಅಂತೆಯ ಮುಂದೆ ‘ನು’ ಮರಳಿ ಬಂದು, ಅದರ ಉಕಾರ ಮಾತ್ರ ಲೋಪವಾಗಬೇಕು. ಇದ್ದಳಂತೆ, ಇದ್ದರಂತೆ, ಇತ್ತಂತೆ, ಇದ್ದವಂತೆ, ಬಂತಂತೆ, ಹೋಗುತ್ತಾನಂತೆ ಎಲ್ಲ ಹೀಗೆಯೇ. ‘ಇಲ್ಲ’, ‘ಬೇಡ’ ಬಂದಾಗ ವಕಾರ ಸೇರುತ್ತದೆ: ಇಲ್ಲವಂತೆ, ಬೇಡವಂತೆ. ನಡುವೆ ಜಾಗ ಬಿಟ್ಟು ‘ಇದ್ದ ಅಂತೆ’ ಎಂದು ಅಚ್ಚುಹಾಕಬೇಡಿ. ಓದಲು ಕಲಿಯುತ್ತಿರುವ ಮಗು ಅಲ್ಲಿ ನಿಂತುಬಿಡುತ್ತದೆ.

ನಾಮಪದಕ್ಕೆ ಹತ್ತಿದಾಗ ಇನ್ನೂ ಸೂಕ್ಷ್ಮ. “ಒಂದೂರಂತೆ, ಅಲ್ಲೊಬ್ಬ ರಾಜನಂತೆ” ಎಂದು ಬಾಯಲ್ಲಿ ಹೇಳಿದರೆ ಗೊಂದಲವಿಲ್ಲ, ದನಿ ಎಲ್ಲಿ ಇಳಿಯುತ್ತದೆ ಎಂಬುದರಲ್ಲೇ ಅರ್ಥ ಗೊತ್ತಾಗುತ್ತದೆ. ಕಾಗದದ ಮೇಲೆ ‘ಊರಂತೆ’ ಸುರಕ್ಷಿತ, ಏಕೆಂದರೆ ಹೋಲಿಕೆಯಾದರೆ ಅದು ‘ಊರಿನಂತೆ’ ಆಗುತ್ತಿತ್ತು. ‘ಮರವಂತೆ’, ‘ಮರದಂತೆ’ ಕೂಡ ಬೇರೆಯಾಗಿಯೇ ಉಳಿಯುತ್ತವೆ. ಆದರೆ ‘ರಾಜನಂತೆ’, ‘ರಾಣಿಯಂತೆ’, ‘ಕರಡಿಯಂತೆ’ ಎರಡರ್ಥಕ್ಕೂ ಒಂದೇ ರೂಪ. ರೂಪ ಬದಲಾಗುವ ಕತೆಗಳಲ್ಲಿ ಇದು ನಿಜಕ್ಕೂ ಕಾಡುತ್ತದೆ. ಕಪ್ಪೆಯಾದ ರಾಜಕುಮಾರನ ಕತೆಯಲ್ಲಿ “ಅವನು ಕಪ್ಪೆಯಂತೆ” ಎಂದು ಬರೆದರೆ ಅವನು ಕಪ್ಪೆಯೇ ಆಗಿದ್ದನೋ, ಕಪ್ಪೆಯ ಹಾಗಿದ್ದನೋ? ಇಡೀ ಕತೆ ನಿಂತಿರುವುದೇ ಆ ವ್ಯತ್ಯಾಸದ ಮೇಲೆ. ಇಂಥ ಕಡೆ ಕೇಳಿಕೆಗೆ “ಕಪ್ಪೆಯಾಗಿದ್ದನಂತೆ” ಎಂದು ಕ್ರಿಯಾಪದ ತನ್ನಿ, ಹೋಲಿಕೆಗೆ ‘ಕಪ್ಪೆಯ ಹಾಗೆ’ ಎಂದು ಬರೆಯಿರಿ. ಪುಸ್ತಕದುದ್ದಕ್ಕೂ ಹೋಲಿಕೆಗೆ ‘ಹಾಗೆ’, ಕೇಳಿಕೆಗೆ ‘ಅಂತೆ’ ಎಂದು ಗೆರೆ ಎಳೆದುಕೊಂಡರೆ ಇನ್ನೂ ಒಳ್ಳೆಯದು.

ಈಗ ಮೂಲದ ವಿಚಾರ. ‘ಅಂತೆ’ ಎಂಬ ಸೌಲಭ್ಯ ನಮಗೊಬ್ಬರಿಗೇ ಇರುವುದಲ್ಲ. ತಮಿಳಿನ ‘ಇರುಂದಾನಾಮ್’, ತೆಲುಗಿನ ‘ಉಂಡೇವಾಡಟ’, ತುಳುವಿನ ‘ಉಂಡುಗೆ’ ನೆರೆಹೊರೆಯವು. ಜಪಾನಿ ಕತೆಗಳಲ್ಲಿ ವಾಕ್ಯದ ಕೊನೆಗೆ ಬರುವ ‘ತೊ ಸಾ’ ಇದೇ ಕೆಲಸ ಮಾಡುತ್ತದೆ. ಬಲ್ಗೇರಿಯನ್ ಭಾಷೆಯಲ್ಲಿ ಕೇಳಿದ್ದನ್ನು ಹೇಳಲು ಕ್ರಿಯಾಪದದ ಬೇರೆ ರೂಪಗಳೇ ಇವೆ. ಪೆರುವಿನ ಕುಸ್ಕೊ ಕೆಚುವಾ ಭಾಷೆಯಲ್ಲಿ ‘ಸಿ’ ಎಂಬ ಪ್ರತ್ಯಯ. ನಮಗೆ ಅತಿ ಹತ್ತಿರದ್ದು ಟರ್ಕಿಶ್. ಅಲ್ಲಿ ಕತೆ “ಬಿರ್ ವಾರ್‌ಮಿಶ್, ಬಿರ್ ಯೋಕ್‌ಮುಶ್” ಎಂದು ಶುರುವಾಗುತ್ತದೆ. ಆ ‘ಮಿಶ್’, ‘ಮುಶ್’ ಎರಡೂ ಒಂದೇ ಪ್ರತ್ಯಯ, ಹಿಂದಿನ ಸ್ವರಕ್ಕೆ ಹೊಂದಿಕೊಂಡು ಉಚ್ಚಾರ ಬದಲಾಗಿದೆ ಅಷ್ಟೆ. ಅದು ನಮ್ಮ ‘ಅಂತೆ’ಯೇ: “ಒಮ್ಮೆ ಇತ್ತಂತೆ, ಒಮ್ಮೆ ಇರಲಿಲ್ಲವಂತೆ.” ಇಂಗ್ಲಿಷ್ ಮೂಲಕ ಬಂದ ಅನುವಾದದಲ್ಲಿ ಆ ಪ್ರತ್ಯಯ ಉದುರಿಹೋಗಿರುತ್ತದೆ. ಅದನ್ನೇ ನೆಚ್ಚಿ ಕನ್ನಡ ಮಾಡಿದವರು “ಒಂದು ಇತ್ತು, ಒಂದು ಇರಲಿಲ್ಲ” ಎಂದು ಬರೆದು ಒಗಟು ಮಾಡಿಡುತ್ತಾರೆ. ಟರ್ಕಿಶ್‌ನಲ್ಲಿ ಲಿಂಗಭೇದವಿಲ್ಲ, ಕನ್ನಡದಲ್ಲಿ ‘ಇದ್ದನಂತೆ’ ಎಂದರೆ ಗಂಡಸು ಬಂದುಬಿಟ್ಟ. ಹಾಗಾಗಿ ‘ಇತ್ತಂತೆ’ಯೇ ಇರಲಿ. ‘ಇರಲಿಲ್ಲ’ಕ್ಕೆ ಹೇಗೂ ಲಿಂಗದ ಹಂಗಿಲ್ಲ.

ಟರ್ಕಿಯ ಕತೆಗಾರರು ಅಲ್ಲಿಗೇ ನಿಲ್ಲಿಸುವುದಿಲ್ಲ. ಒಂಟೆ ಡಂಗುರ ಸಾರುತ್ತಿದ್ದ ಕಾಲ, ಚಿಗಟ ಕ್ಷೌರ ಮಾಡುತ್ತಿದ್ದ ಕಾಲ, ನಾನು ನಮ್ಮಪ್ಪನ ತೊಟ್ಟಿಲು ತೂಗುತ್ತಿದ್ದ ಕಾಲ ಎಂದು ಪ್ರಾಸ ಹೆಣೆಯುತ್ತ ಹೋಗುತ್ತಾರೆ. ಜರಡಿ, ಒಣಹುಲ್ಲು ಅದರಲ್ಲಿ ಬರುವುದು ಅರ್ಥಕ್ಕಲ್ಲ, ‘ಕಾಲ’ ಎಂಬ ಅರ್ಥದ ‘ಝಮಾನ್’ಗೆ ‘ಹುಲ್ಲು’ ಎಂಬ ಅರ್ಥದ ‘ಸಮಾನ್’ ಪ್ರಾಸವಾಗುವುದಕ್ಕೆ. ಅಕ್ಷರಶಃ ತಂದರೆ ಕನ್ನಡದಲ್ಲಿ ಹುಲ್ಲಷ್ಟೇ ಉಳಿಯುತ್ತದೆ. ಇಲ್ಲಿ ಅಂತೆಯನ್ನೇ ಪ್ರಾಸವಾಗಿ ದುಡಿಸಿಕೊಳ್ಳಬಹುದು:

ಒಂದಾನೊಂದು ಕಾಲವಂತೆ,
ಜರಡಿ ತುಂಬ ಹಾಲಂತೆ,
ಒಂಟೆ ಡಂಗುರ ಸಾರಿತಂತೆ,
ಚಿಗಟ ಕತ್ತರಿ ಹಿಡಿಯಿತಂತೆ,
ಅಪ್ಪನಿನ್ನೂ ತೊಟ್ಟಿಲಲ್ಲಿ,
ತೂಗಿದವನು ನಾನೇ ಅಂತೆ!

ಕೊನೆಯ ಸಾಲು ಗಮನಿಸಿ. ‘ನಾನು’ ಜೊತೆಗೆ ಅಂತೆ ಸಾಮಾನ್ಯವಾಗಿ ಒಗ್ಗುವುದಿಲ್ಲ. “ನಾನು ಬಿದ್ದೆನಂತೆ” ಎನ್ನುವುದು ಎಳೆಮಗುವಾಗಿದ್ದಾಗಿನದೋ, ನಿದ್ದೆಯಲ್ಲೋ ಮೂರ್ಛೆಯಲ್ಲೋ ನಡೆದದ್ದೋ ಆಗಿದ್ದರೆ ಮಾತ್ರ. ಇಲ್ಲಿ ಅದೇ ತಮಾಷೆ.

ಕತೆ ಶುರುಮಾಡುವ ಜರ್ಮನ್ನಿನ ‘ಎಸ್ ವಾರ್ ಐನ್‌ಮಾಲ್’ (‘ಒಮ್ಮೆ ಇತ್ತು’), ರಷ್ಯನ್ನಿನ ‘ಝಿಲ್-ಬಿಲ್’ ಬರೀ ಭೂತಕಾಲ, ಕೇಳಿಕೆಯ ಗುರುತಿಲ್ಲ ಎನ್ನುವುದು ನಿಜ. ಆದರೂ ಅಂತೆ ಬರಲಿ. ಅವರ ಕಿವಿಗೆ ಆ ಸಾಲು ಕತೆಯ ಗಂಟೆ. ನಮ್ಮ ಕಿವಿಗೆ ಆ ಗಂಟೆ ಅಂತೆಯಲ್ಲಿದೆ. ‘ಝಿಲ್-ಬಿಲ್’ ಎಂದರೆ ‘ಬಾಳಿದ್ದ, ಇದ್ದ’ ಎಂಬ ಜೋಡುಕ್ರಿಯೆ. ನಮ್ಮಲ್ಲಿ ‘ಬಾಳಿ ಬದುಕು’ ಎಂಬ ಜೋಡಿ ಇದೆಯಲ್ಲ ಎಂದು ಕೈ ಹಾಕಲು ಆಸೆಯಾಗುತ್ತದೆ, ಆದರೆ ‘ಬಾಳಿ ಬದುಕಿದವರು’ ಎಂದರೆ ಉಂಡುಟ್ಟು ಮೆರೆದ ಮನೆತನದ ವಾಸನೆ ಬರುತ್ತದೆ. ರಷ್ಯನ್ ಕತೆಯ ಮುದುಕ-ಮುದುಕಿಗೆ ಎಷ್ಟೋ ಸಲ ಮನೆಯಲ್ಲಿ ಹಿಡಿ ಹಿಟ್ಟೂ ಇರುವುದಿಲ್ಲ. “ಒಬ್ಬ ಅಜ್ಜ, ಒಬ್ಬಳು ಅಜ್ಜಿ ಇದ್ದರಂತೆ” ಸಾಕು.

ಗ್ರಿಮ್ ಸಹೋದರರ ಕಪ್ಪೆರಾಜನ ಕತೆ 1812ರ ಮೊದಲ ಮುದ್ರಣದಲ್ಲಿ ‘ಎಸ್ ವಾರ್ ಐನ್‌ಮಾಲ್’ ಎಂದೇ ಶುರುವಾಗುತ್ತದೆ. 1857ರ ಏಳನೆಯ ಮುದ್ರಣಕ್ಕೆ ಬಂದಾಗ ಆ ಜಾಗದಲ್ಲಿ ‘ಬಯಸಿದರೆ ಫಲಿಸುತ್ತಿದ್ದ ಹಳೆಯ ಕಾಲದಲ್ಲಿ’ ಎಂಬರ್ಥದ ಸಾಲಿದೆ. ಕೊರಿಯಾದವರು ‘ಹುಲಿ ತಂಬಾಕು ಸೇದುತ್ತಿದ್ದ ಕಾಲದಲ್ಲಿ’ ಎನ್ನುತ್ತಾರೆ. ಇವನ್ನೆಲ್ಲ ‘ಒಂದಾನೊಂದು ಕಾಲದಲ್ಲಿ’ ಎಂದು ಸಪಾಟು ಮಾಡಿದರೆ ಹುಲಿಯೂ ಹೋಯಿತು, ಅದರ ಚಿಲುಮೆಯೂ ಹೋಯಿತು. (ಮಕ್ಕಳ ಪುಸ್ತಕದಲ್ಲಿ ತಂಬಾಕು ಯಾಕೆ ಎನ್ನುವವರಿಗೆ: ಸೇದುತ್ತಿರುವುದು ಹುಲಿ.) ಇಂಥ ವಾಕ್ಯದಲ್ಲಿ ಅಂತೆ ‘ಸೇದುತ್ತಿದ್ದ’ಕ್ಕೆ ಹತ್ತುವುದಿಲ್ಲ, ಅದು ಕೃದಂತ. ಕೊನೆಯ ಕ್ರಿಯಾಪದಕ್ಕೆ ಹೋಗಬೇಕು: “ಹುಲಿ ತಂಬಾಕು ಸೇದುತ್ತಿದ್ದ ಕಾಲದಲ್ಲಿ ಒಬ್ಬ ಸೌದೆ ಒಡೆಯುವವನಿದ್ದನಂತೆ.”

ಎಷ್ಟು ಸಲ ಎಂಬ ಪ್ರಶ್ನೆಗೆ, ರಷ್ಯನ್ ಕತೆಗಳ ಮಾಟಗಾತಿ ಬಾಬಾ ಯಗಾ ಬರುವ ಒಂದು ತುಣುಕು ನೋಡಿ.

“ಕಾಡಿನ ನಡುವೆ ಒಂದು ಗುಡಿಸಲು ಇತ್ತಂತೆ. ಅದಕ್ಕೆ ಕೋಳಿಕಾಲು ಇದ್ದವಂತೆ. ಹುಡುಗಿ ಹತ್ತಿರ ಹೋದಳಂತೆ. ಗುಡಿಸಲು ಗಿರ್ರನೆ ತಿರುಗಿತಂತೆ. ಬಾಗಿಲು ತೆರೆಯಿತಂತೆ. ಒಳಗೆ ಬಾಬಾ ಯಗಾ ಹಲ್ಲು ಮಸೆಯುತ್ತಿದ್ದಳಂತೆ.”

ನಾಲ್ಕನೆಯ ಅಂತೆಗೆ ಕಿವಿ ಸೋಲುತ್ತದೆ. ಹುಡುಗಿ ಗುಡಿಸಲ ಮುಂದೆ ನಿಂತಿರುವಾಗ ಹೇಳುವವರು ದೂರದಲ್ಲೇ ಉಳಿದಿದ್ದಾರೆ, ಭಯ ಹುಟ್ಟುವುದಿಲ್ಲ. ಹೀಗೆ ಮಾಡಿ:

“ಕಾಡಿನ ನಡುವೆ ಒಂದು ಗುಡಿಸಲು ಇತ್ತಂತೆ, ಅದಕ್ಕೆ ಕೋಳಿಕಾಲಂತೆ. ಹುಡುಗಿ ಹತ್ತಿರ ಹೋದಳು. ಗುಡಿಸಲು ಗಿರ್ರನೆ ತಿರುಗಿತು. ಬಾಗಿಲು ತೆರೆಯಿತು. ಒಳಗೆ ಬಾಬಾ ಯಗಾ ಹಲ್ಲು ಮಸೆಯುತ್ತಿದ್ದಳು!”

ಹೊಸ ಜಾಗ, ಹೊಸ ಪಾತ್ರ ಬಂದಾಗ ಅಂತೆ. ಕೆಲಸ ನಡೆಯತೊಡಗಿದ ಮೇಲೆ ಬರೀ ಭೂತಕಾಲ. “ಹೀಗೇ ಮೂರು ವರ್ಷ ಕಳೆಯಿತಂತೆ” ಎಂದು ಕಾಲ ದಾಟುವಾಗ ಮತ್ತೆ ಅಂತೆ. ನೂರೈವತ್ತು ಪದಗಳ ಪುಟಕ್ಕೆ ಮೂರ್ನಾಲ್ಕು ಬಂದರೆ ಧಾರಾಳ. ಮಾತುಕತೆ ಚುರುಕಾಗಿ ನಡೆಯುವಲ್ಲಿ ‘ಅಂದಳಂತೆ, ಅಂದನಂತೆ’ ಬೇಡವೇ ಬೇಡ, ‘ಅಂದಳು, ಅಂದ’ ಸಾಕು.

ಇನ್ನೊಂದು ಗುಂಡಿ ಇದೆ. ಅಂತೆ ಹೇಳುವವರ ಕೇಳಿಕೆಯೋ, ಪಾತ್ರದ ಮಾತಿನ ವರದಿಯೋ ಎಂಬುದು ಕೆಲವೊಮ್ಮೆ ಮಸುಕಾಗುತ್ತದೆ. ಕೆಂಪು ಟೋಪಿಯ ಹುಡುಗಿಯ ಕತೆಯಲ್ಲಿ “ತೋಳಕ್ಕೆ ಅಜ್ಜಿಯ ಮನೆ ಗೊತ್ತಿಲ್ಲವಂತೆ” ಎಂದರೆ ತೋಳ ಹಾಗೆ ಹೇಳಿಕೊಳ್ಳುತ್ತಿದೆ, ನಂಬಬೇಡಿ ಎಂಬ ಧ್ವನಿ ಬರುತ್ತದೆ. ತೋಳ ನಟಿಸುತ್ತಿದ್ದರೆ ಅದು ಸೊಗಸು. ನಿಜವಾಗಿಯೂ ಗೊತ್ತಿಲ್ಲದಿದ್ದರೆ “ಗೊತ್ತಿರಲಿಲ್ಲ” ಎಂದು ನೇರವಾಗಿ ಬರೆಯಿರಿ.

ಆಕ್ಷೇಪ

ಮೇಲಿನ ವಿವರಣೆ ಒಪ್ಪುವಂಥದ್ದೇ. ಆದರೆ ‘ಅಂತೆ ಕಂತೆಗಳ ಸಂತೆ’ ಎನ್ನುವುದೂ ಕನ್ನಡವೇ ಅಲ್ಲವೇ? ಅಂತೆ ಎಂದರೆ ಗಾಳಿಮಾತು, ಹೊಣೆ ಹೊರದ ಮಾತು. ಮಗು ಕತೆಯೊಳಗೆ ನಂಬಿ ಇಳಿಯಬೇಕಾದರೆ ಬಾಗಿಲಲ್ಲೇ ಅನುಮಾನ ಯಾಕೆ ಇಡಬೇಕು?

ಮರು ಉತ್ತರ

ಅನುಮಾನ ಅಂತೆಯದಲ್ಲ, ಸಂದರ್ಭದ್ದು. “ಅವರ ಮಗಳಿಗೆ ಗಂಡು ಗೊತ್ತಾಯಿತಂತೆ” ಎಂಬಲ್ಲಿ ಬರೀ ಸುದ್ದಿ, ಅನುಮಾನ ಎಲ್ಲಿದೆ? ಕತೆಯಲ್ಲಂತೂ “ಇದು ಬೇರೆಯೇ ಲೆಕ್ಕ” ಎಂದು ಬಾಗಿಲಲ್ಲೇ ಹೇಳಿಬಿಡುವುದು ಜಗತ್ತಿನ ಬಹಳ ಕಡೆ ಇದೆ. ಪಶ್ಚಿಮ ಆಫ್ರಿಕಾದ ಅಶಾಂತಿ ಜನರು ಅನಾನ್ಸೆ ಎಂಬ ಜೇಡನ ಕತೆ ಹೇಳುವ ಮೊದಲು, ಈಗ ಹೇಳಹೊರಟಿರುವುದು ನಿಜವೆಂದು ನಾವು ಹೇಳುತ್ತಿಲ್ಲ, ಹೇಳುತ್ತಿಲ್ಲ ಎಂದು ಎರಡೆರಡು ಸಲ ಸಾರುತ್ತಾರೆ. ಕೇಳುವವರು ಎದ್ದುಹೋಗುವುದಿಲ್ಲ, ಹತ್ತಿರ ಸರಿಯುತ್ತಾರೆ. ಅಂದಹಾಗೆ ಈ ಅನಾನ್ಸೆ ಗಂಡಸು. ‘ಕ್ವಾಕು’ ಎಂಬ ಅವನ ಹೆಸರು ಬುಧವಾರ ಹುಟ್ಟಿದ ಗಂಡುಮಗುವಿಗೆ ಇಡುವುದು. “ಜೇಡ ಬಂತಂತೆ” ಎಂದರೆ ಗೋಡೆಯ ಹುಳು, “ಅನಾನ್ಸೆ ಬಂದನಂತೆ” ಎಂದರೆ ಪಾತ್ರ. ಮೊದಲ ಸಾಲಲ್ಲಿ ಆರಿಸಿಕೊಂಡದ್ದನ್ನು ಕೊನೆವರೆಗೂ ಬದಲಿಸಬೇಡಿ.

ಅಂತೆಗೆ ಇನ್ನೊಂದು ಕೆಲಸವೂ ಇದೆ. ಕತೆ ಕೇಳುವವರು ‘ಹೂಂ’ ಅನ್ನಬೇಕು, ಹೂಂಗುಟ್ಟದಿದ್ದರೆ ಕತೆ ಮುಂದೆ ಹೋಗುವುದಿಲ್ಲ. ಹೂಂ ಬೀಳುವುದು ಅಂತೆಯ ಬೆನ್ನಿಗೆ. ಹೈಟಿಯಲ್ಲಿ ಹೇಳುವವರು ‘ಕ್ರಿಕ್?’ ಎಂದರೆ ಕೇಳುವವರು ‘ಕ್ರಾಕ್!’ ಎನ್ನುತ್ತಾರೆ, ಸ್ವಾಹಿಲಿಯಲ್ಲಿ ‘ಪೌಕ್ವಾ!’ ಎಂದರೆ ‘ಪಾಕಾವಾ!’. ಈ ಕೂಗುಗಳನ್ನು ಅನುವಾದಿಸದೆ ಹಾಗೇ ಬಿಡಿ, ಮಕ್ಕಳಿಗೆ ಬಾಯಿಗೆ ರುಚಿ. ಉಳಿದ ಕತೆಗಳಲ್ಲಿ ಆ ಜಾಗ ತುಂಬುವುದು ಅಂತೆ. ಗಟ್ಟಿಯಾಗಿ ಓದುವ ಪುಸ್ತಕವಾದರೆ ಎಡಪುಟದ ಕೊನೆಯ ವಾಕ್ಯ ಅಂತೆಯಲ್ಲಿ ನಿಲ್ಲುವಂತೆ ಜೋಡಿಸಿ ನೋಡಿ.

ಮುಕ್ತಾಯದಲ್ಲಿ ಮಾತ್ರ ಅಂತೆಯನ್ನು ಮೂಲ ನೋಡಿಯೇ ಇಡಬೇಕು. ಟರ್ಕಿಯ ಕತೆ ಮುಗಿಯುವಾಗ ಆಕಾಶದಿಂದ ಮೂರು ಸೇಬು ಬೀಳುತ್ತವೆ, ಅಲ್ಲೂ ‘ಮಿಶ್’ ಇದೆ, ‘ಬಿದ್ದವಂತೆ’ ಸರಿ. ಜರ್ಮನ್ ಕತೆ “ಸತ್ತಿಲ್ಲದಿದ್ದರೆ ಇವತ್ತಿಗೂ ಬದುಕಿದ್ದಾರೆ” ಎನ್ನುತ್ತದೆ. ‘ಬದುಕಿದ್ದಾರಂತೆ’ ಎಂದರೆ ಮೊನ್ನೆ ಯಾರೋ ಕಂಡುಬಂದ ಹಾಗಾಗುತ್ತದೆ, ಬೇಡ. ನಮ್ಮ ಕತೆಗಳೂ “ಅವರು ಅಲ್ಲಿ, ನಾವು ಇಲ್ಲಿ” ಎಂದು ಅಂತೆ ಕಳಚಿಟ್ಟೇ ಮುಗಿಯುತ್ತವೆ. ರಷ್ಯನ್ ಕತೆಗಾರನಂತೂ ಮದುವೆಯೂಟಕ್ಕೆ ತಾನೇ ಹೋಗಿದ್ದೆ ಎನ್ನುತ್ತಾನೆ: “ನಾನೂ ಅಲ್ಲಿದ್ದೆ, ಜೇನುಮದ್ಯ ಕುಡಿದೆ, ಮೀಸೆ ಮೇಲೆ ಹರಿಯಿತು, ಬಾಯಿಗೆ ಹನಿಯೂ ಬೀಳಲಿಲ್ಲ.” ಇಡೀ ಕತೆಯನ್ನು ಅಂತೆ ಅಂತೆ ಎಂದು ಹೇಳಿ ಇಲ್ಲಿ ಥಟ್ಟನೆ ‘ಇದ್ದೆ’ ಎಂದರೆ ಮಕ್ಕಳು ಸುಳ್ಳನ್ನು ಹಿಡಿದೇ ಹಿಡಿಯುತ್ತಾರೆ.