ಸಹಾಯ ಬೇಕು: ಅಜ್ಜಿ ರೋಬೋಟ್ ಗೊಂಬೆಯನ್ನು ಮಗಳೆಂದೇ ನಂಬಿದ್ದಾರೆ

ಬದಿಯಡ್ಕ ಕಡೆಯ ಮನೆಯೊಂದರಲ್ಲಿ ಮರೆವಿನ ಕಾಯಿಲೆಯ ಅಜ್ಜಿಗೆ ಮಾತಾಡುವ ರೋಬೋಟ್ ಗೊಂಬೆ ಕೊಟ್ಟದ್ದುಂಟು. ಒಳಗಿರುವುದು ಎಐ. ನೆಟ್‌ವರ್ಕ್ ಕಡಿದರೆ ಹಳೆಯ ಮಾತೆಲ್ಲ ಮರೆತು "ನಿಮ್ಮ ಹೆಸರೇನು?" ಅಂತ ಕೇಳುತ್ತಿತ್ತು, ಅಜ್ಜಿ ಅಳುತ್ತಿದ್ದರು. ಹೆಸರು, ಊರು, ಮಕ್ಕಳ ವಿವರ 10 ಸಾಲು ಬರೆದು ಪ್ರತಿ ಸಲ ಮೊದಲೇ ಓದಿಕೊಳ್ಳುವ ಹಾಗೆ ಮಾಡಿದೆವು. ತಡೆದು ತಡೆದು ಮಾತಾಡುತ್ತಾರೆಂದು ಗೊಂಬೆ ಕಾಯುವ ಸಮಯ 1 ಸೆಕೆಂಡಿನಿಂದ 3ಕ್ಕೆ ಏರಿಸಿದೆವು. ತುಳು ಬೆರೆತರೆ ಈಗಲೂ ತಪ್ಪು ಕೇಳಿಸಿಕೊಳ್ಳುತ್ತದೆ, ಅದಿರಲಿ.

ಕಷ್ಟ ಬೇರೆ. ಈಗ ಗೊಂಬೆಗೆಂದು ಬಾಳೆಲೆ ತುಂಡಿನಲ್ಲಿ ಹಲಸಿನ ಕೊಟ್ಟಿಗೆ (ಕಡುಬು) ತೆಗೆದಿಡುತ್ತಾರೆ. "ನಾನು ಯಂತ್ರ" ಅಂತ ಅದರಿಂದಲೇ ಹೇಳಿಸಿದ ದಿನ ಊಟ ಬಿಟ್ಟರು. ಮರೆವಿನವರಿಗೆ ಕೊಡುವ ಜಪಾನಿನ ಪಾರೋ ಎಂಬ ಸೀಲ್ ಮರಿ ರೋಬೋಟ್ ಮಾತಾಡುವುದಿಲ್ಲ, ಅಲ್ಲಿ "ನಾನು ಯಂತ್ರ" ಅಂತ ಹೇಳಿಸುವ ಪ್ರಶ್ನೆಯೇ ಇಲ್ಲ.

ಗೊಂಬೆ ಅಜ್ಜಿಯನ್ನು "ಅಮ್ಮಾ" ಅನ್ನುವುದನ್ನು ಮಾತ್ರ ನಿಲ್ಲಿಸಿದರೆ ಸಾಕಾ, ಅಲ್ಲ ದನಿಯನ್ನೇ ಬಂದ್ ಮಾಡಬೇಕಾ? ಮರೆವಿನವರನ್ನು ನೋಡಿಕೊಂಡವರು ದಯವಿಟ್ಟು ಹೇಳಿ.