ಲಾ ಜತೇ: ಕಟ್ಟೆಯೋ, ಧಕ್ಕೆಯೋ?

ಗೆಳೆಯರೇ,

ಕ್ರಿಸ್ ಮಾರ್ಕರ್ 1962ರಲ್ಲಿ ಮಾಡಿದ 28 ನಿಮಿಷದ ಫ್ರೆಂಚ್ ಕಿರುಚಿತ್ರಕ್ಕೆ ಕನ್ನಡ ಸಬ್‌ಟೈಟಲ್ ಬರೆಯುತ್ತಿದ್ದೇನೆ. ಮಾತೆಲ್ಲ ಹೇಗೋ ಆಯಿತು, ಹೆಸರಿಗೇ ಸಿಕ್ಕಿಕೊಂಡಿದ್ದೇನೆ. 'ಲಾ ಜತೇ' ಅಂದರೆ ಮನೆಯಲ್ಲಿ 'ಯಾರ ಜತೆ?' ಅಂತ ಕೇಳುತ್ತಾರೆ.

ಜತೇ ಅಂದರೆ ನೀರಿನೊಳಕ್ಕೆ ಚಾಚಿದ ಕಟ್ಟೆ. 'ಎಸೆ' ಅನ್ನುವ ಕ್ರಿಯಾಪದದಿಂದ ಹುಟ್ಟಿದ ಪದ. ಆದರೆ ಸಿನಿಮಾದಲ್ಲಿ ನೀರೇ ಇಲ್ಲ! ಅದು ಪ್ಯಾರಿಸಿನ ಓರ್ಲಿ ನಿಲ್ದಾಣದಲ್ಲಿ ಜನ ನಿಂತು ವಿಮಾನ ನೋಡುವ ಉದ್ದನೆಯ ಜಾಗ. ಒಂದು ಭಾನುವಾರ ಅಪ್ಪ ಅಮ್ಮನ ಜತೆ ಬಂದ ಹುಡುಗ ಅಲ್ಲಿ ಒಬ್ಬಳ ಮುಖ ನೋಡುತ್ತಾನೆ. ಒಬ್ಬ ಗಂಡಸು ಬಿದ್ದು ಸಾಯುವುದನ್ನೂ ನೋಡುತ್ತಾನೆ. ಆ ಮುಖ ಅವನನ್ನು ಬಿಡುವುದೇ ಇಲ್ಲ. ನಿಜಕ್ಕೂ ಕಂಡದ್ದೋ, ಆಮೇಲೆ ತಾನೇ ಕಟ್ಟಿಕೊಂಡದ್ದೋ, ಅವನಿಗೂ ಗೊತ್ತಿಲ್ಲ. ಹೆಚ್ಚುಕಡಿಮೆ ಇಡೀ ಸಿನಿಮಾ ಬರೀ ಫೋಟೋಗಳು. ಒಂದೇ ಕಡೆ, ಮಲಗಿದ್ದವಳು ಕಣ್ಣು ಬಿಟ್ಟು ರೆಪ್ಪೆ ಬಡಿಯುವಾಗ, ಚಿತ್ರ ಮಿಸುಕುತ್ತದೆ.

ಇನ್ನೊಂದು ತೊಡಕು. ಫ್ರೆಂಚ್ ಕಿವಿಗೆ ಈ ಹೆಸರು 'ಅಲ್ಲಿ ನಾನಿದ್ದೆ' ಅಂತಲೂ ಕೇಳಿಸುತ್ತದೆ. ಕೊನೆ ನೋಡಿದವರಿಗೆ ಇದು ಸುಮ್ನೆ ಶಬ್ದದಾಟ ಅಲ್ಲ ಅಂತ ಗೊತ್ತಾಗುತ್ತದೆ, ಅಲ್ವಾ?

ಇಂಗ್ಲಿಷಿನ 'ಜೆಟ್ಟಿ'ಯನ್ನೇ ಇಡೋಣವೆಂದರೆ ಮೈಸೂರಿನ ಕಡೆ ದಸರಾ ವಜ್ರಮುಷ್ಟಿ ಕಾಳಗದ ಜಟ್ಟಿ ಎದುರು ಬಂದು ನಿಲ್ಲುತ್ತಾನೆ. ಬೇಡ. 'ಕಟ್ಟೆ' ಚೆನ್ನಾಗಿದೆ, ಆದರೆ ಅರಳಿಮರದ ನೆರಳು, ಹರಟೆ ಜಾಸ್ತಿಯಾಯಿತು. ನನ್ನ ಮನಸ್ಸು ಹೋಗಿರುವುದು ಮಂಗಳೂರಿನ ಮೀನುಗಾರರ 'ಧಕ್ಕೆ' ಕಡೆಗೆ. ಮುಂಬಯಿಯ ಭಾವುಚಾ ಧಕ್ಕಾ ಕೂಡ ದೋಣಿ ಹತ್ತುವ ಜಾಗವೇ. 'ಮನಸ್ಸಿಗೆ ಧಕ್ಕೆಯಾಯಿತು' ಅಂತ ಊರೆಲ್ಲ ಹೇಳುತ್ತೇವಲ್ಲ, ಆ ಪೆಟ್ಟಿನ ಅರ್ಥವೂ ಒಳಗೇ ಇದೆ. ಹುಡುಗನಿಗೆ ಆದದ್ದು ಅದೇ. 'ಅಲ್ಲಿ ನಾನಿದ್ದೆ' ಕೈತಪ್ಪುತ್ತದೆ, ಬದಲಿಗೆ ಇದು ಸಿಗುತ್ತದೆ. ನನಗೆ ಲಾಭವೇ ಅನ್ನಿಸುತ್ತದೆ.

ಟೈಟಲ್ ಕಾರ್ಡಿನಲ್ಲಿ ಇದನ್ನು ಸಿನಿಮಾ ಅಂತಲೂ ಕರೆದಿಲ್ಲ, 'ಫೋಟೋ ಕಾದಂಬರಿ' ಅನ್ನುವ ಅರ್ಥದ ಮಾತಿದೆ. 'ಚಿತ್ರಕಥೆ' ಅಂದರೆ ಸಿನಿಮಾದವರು ಸ್ಕ್ರಿಪ್ಟ್ ಅಂದುಕೊಳ್ಳುತ್ತಾರೆ. ಹಾಗಾಗಿ ಫೋಟೋ ಕಾದಂಬರಿ ಅಂತಲೇ ಇಟ್ಟಿದ್ದೇನೆ.

ಕರಾವಳಿಯವರು ದಯವಿಟ್ಟು ಹೇಳಿ: ದೋಣಿ ನಿಲ್ಲುವ ಜಾಗಕ್ಕೆ 'ದಕ್ಕೆ' ಅಂತ ಬರೆಯುತ್ತೀರೋ, 'ಧಕ್ಕೆ' ಅಂತಲೋ? ಎರಡೂ ಕಂಡಿದ್ದೇನೆ. 'ದಕ್ಕೆ' ಅಂದರೆ ನನಗೆ 'ದಕ್ಕಲಿಲ್ಲ' ಕೇಳಿಸುತ್ತದೆ. ಅವಳೂ ಅವನಿಗೆ ದಕ್ಕಲಿಲ್ಲ.