ದೊಡ್ಡಪ್ಪನ ಹೆಸರಲ್ಲಿ ಡಿಕ್ಲರೇಷನ್ ಆದ ಗದ್ದೆ, ಊರು ಬಿಟ್ಟು ಹೋದ ತಮ್ಮನಿಗೆ ಪಾಲು ಇದ್ಯಾ?

ಮುಂಬೈ_ಮಗ:
ಎಲ್ಲರಿಗೂ ನಮಸ್ಕಾರ. ನಮ್ಮ ಮೂಲ ಕುಂದಾಪುರ ಕಡೆ, ನಾನು ಹುಟ್ಟಿ ಬೆಳೆದದ್ದು ಮುಂಬೈ. ಅಜ್ಜ ಧಣಿಗಳ ಗದ್ದೆ ಚಾಲಗೇಣಿಗೆ (ಕಾಯಂ ಅಲ್ಲದ ಗೇಣಿಗೆ) ಮಾಡ್ತಿದ್ರು, ವರ್ಷಕ್ಕಿಷ್ಟು ಮುಡಿ ಅಕ್ಕಿ ಅಂತ ಗೇಣಿ. 1971ರಲ್ಲಿ ಅವರು ತೀರಿಕೊಂಡ್ರು, ಅಪ್ಪ ಮರುವರ್ಷ ಹೋಟೆಲ್ ಕೆಲಸಕ್ಕೆ ಮುಂಬೈಗೆ ಬಂದ್ರು, ದೊಡ್ಡಪ್ಪ ಊರಲ್ಲೇ ಇದ್ದು ಬೇಸಾಯ ನೋಡ್ಕೊಂಡ್ರು. ಭೂಸುಧಾರಣೆ ಬಂದಾಗ ದೊಡ್ಡಪ್ಪ ತನ್ನೊಬ್ಬರ ಹೆಸರಲ್ಲೇ ಫಾರಂ 7 (ಗೇಣಿದಾರರು ಹಕ್ಕು ಕೇಳಿ ಕೊಡೋ ಅರ್ಜಿ, ಇದಕ್ಕೇ ಡಿಕ್ಲರೇಷನ್ ಅಂತಾರೆ) ಹಾಕಿದ್ರು, ಭೂನ್ಯಾಯ ಮಂಡಳಿಯಲ್ಲಿ ಅವರ ಹೆಸರಿಗೇ ಆಯ್ತು. ಈಗ ದೊಡ್ಡಪ್ಪ ಇಲ್ಲ, ಅವರ ಮಕ್ಕಳು ಜಾಗ ಮಾರ್ಲಿಕ್ಕೆ ಹೊರಟಿದ್ದಾರೆ, ಕೇಳಿದ್ರೆ "ಚಿಕ್ಕಪ್ಪ ಭೂಮಿ ಬಿಟ್ಟು ಹೋದವ್ರು, ಅವತ್ತೇ ಹಕ್ಕು ಹೋಯ್ತು" ಅಂತಾರೆ. ಅಪ್ಪ ಪ್ರತಿ ತಿಂಗಳು ಮನಿಯಾರ್ಡರ್ ಕಳಿಸ್ತಿದ್ರು, ತೀರ್ವೆ ಗೊಬ್ಬರ ಎಲ್ಲ ಅದರಲ್ಲೇ ನಡೀತಿತ್ತು. ನಿಜಕ್ಕೂ ನಮಗೇನೂ ಇಲ್ವಾ?

ಕೋರ್ಟ್_ಹಳಬ:
ಇದೆ ಅಂತ್ಲೇ ನನಗನಿಸೋದು, ಆದ್ರೆ ಕಾಗದ ನೋಡದೆ ಖಂಡಿತ ಅಂತ ಹೇಳಕ್ಕಾಗಲ್ಲ. ನಿಮ್ಮಪ್ಪ ಎಲ್ಲಿದ್ರು ಅನ್ನೋದಲ್ಲ ಪ್ರಶ್ನೆ, 1974 ಮಾರ್ಚ್ 1ಕ್ಕೆ ಆ ಗೇಣಿ ಯಾರದ್ದಾಗಿತ್ತು ಅನ್ನೋದು. ಅವತ್ತು ಗೇಣಿ ಜಮೀನೆಲ್ಲ ಸರ್ಕಾರಕ್ಕೆ ಸೇರಿ, ಉಳುತ್ತಿದ್ದವರು ಫಾರಂ 7 ಹಾಕಿ ಹಕ್ಕು ತಗೋಬೇಕು ಅಂತಾಯ್ತು, ಕೊನೇ ದಿನ 1979 ಜೂನ್ 30. ಅಜ್ಜನ ಗೇಣಿ ವಾರಸುದಾರರಿಗೆ ಬಂದು ಮನೆ ಒಟ್ಟಿಗೇ ಇದ್ದಿದ್ರೆ ದೊಡ್ಡಪ್ಪ ಯಜಮಾನ ಅಂತ ಅರ್ಜಿ ಹಾಕಿದ್ದು ಇಡೀ ಕುಟುಂಬದ ಪರವಾಗಿ ಅಂತ ಹೈಕೋರ್ಟ್ ಎಷ್ಟೋ ಕೇಸಲ್ಲಿ ಹೇಳಿದೆ. ದುಡಿಯಕ್ಕೆ ಹೋದವನು ಹಕ್ಕು ಬಿಟ್ಟವನಲ್ಲ. ಬಿಟ್ಟುಕೊಟ್ಟಿದ್ದಾರೆ ಅನ್ನೋದಾದ್ರೆ ರಿಜಿಸ್ಟರ್ ಆದ ಹಕ್ಕು ಬಿಡುಗಡೆ ಪತ್ರ ತೋರಿಸ್ಲಿ.

ಆದ್ರೆ 1974ಕ್ಕಿಂತ ಮುಂಚೆನೇ ಅಣ್ಣ ತಮ್ಮ ಪಾಲಾಗಿ, ಧಣಿಗಳು ದೊಡ್ಡಪ್ಪನಿಗೇ ಹೊಸದಾಗಿ ಗೇಣಿಚೀಟಿ ಬರೆದುಕೊಟ್ಟಿದ್ರೆ ನಿಮ್ಮ ಕೇಸ್ ತುಂಬಾ ವೀಕ್ ಆಗುತ್ತೆ.

ಸಾಗರದವ:
ಈ "ಬಿಟ್ಟು ಹೋದ್ರು" ಅನ್ನೋ ಮಾತು ಕೇಳಿದ್ರೆ ಈಗಲೂ ಮೈ ಉರಿಯುತ್ತೆ ನಂಗೆ. ನಮ್ಮ ಕಡೆ ಜಮೀನುದಾರರೂ ಮಂಡಳಿ ಮುಂದೆ ಇದನ್ನೇ ಹೇಳ್ತಿದ್ದದ್ದು, ಒಕ್ಕಲು ತಾನಾಗೇ ಗದ್ದೆ ಬಿಟ್ಟ, ನಾವೇ ಉತ್ತಿದ್ವಿ ಅಂತ. ಬಾಯಿಮಾತಲ್ಲಿ ಬಿಟ್ಟುಕೊಟ್ಟ ಅನ್ನೋದಕ್ಕೆ ಬೆಲೆ ಇರಬಾರದು ಅಂತ್ಲೇ ಕಾಯ್ದೆಲಿ ಸೆಕ್ಷನ್ 25 ಇಟ್ಟಿರೋದು. ಒಕ್ಕಲು ಮಕ್ಕಳೇ ಈಗ ಒಡಹುಟ್ಟಿದವರ ಮೇಲೆ ಅದೇ ಮಾತು ಹೇಳೋದು ಬೇಜಾರು. ಅಂದಹಾಗೆ ನಿಮ್ಮದು ಅಳಿಯಕಟ್ಟಾ (ಆಸ್ತಿ ತಾಯಿ ಕಡೆಯಿಂದ ಹೋಗೋದು) ಮಕ್ಕಳಕಟ್ಟಾ (ಅಪ್ಪನಿಂದ ಮಕ್ಕಳಿಗೆ ಹೋಗೋದು)? ಅದರ ಮೇಲೆ ಪಾಲಿನ ಲೆಕ್ಕವೇ ಬದಲಾಗುತ್ತೆ.

ಬೈಲುಮನೆ:
ಊರಲ್ಲೇ ಉಳಿದವರ ಕಡೆಯಿಂದ ಒಂದು ಮಾತು ಹೇಳ್ತೇನೆ, ಬೇಸರ ಮಾಡ್ಬೇಡಿ. ಮಂಡಳಿಗೆ ಅಲೆದದ್ದು, ಸಾಕ್ಷಿ ಹೇಳ್ಲಿಕ್ಕೆ ಊರವರನ್ನ ಕರ್ಕೊಂಡು ಹೋದದ್ದು, ಧಣಿಗಳ ಸಿಟ್ಟು ಎದುರು ಹಾಕ್ಕೊಂಡದ್ದು ಎಲ್ಲ ಅವರೇ. ಆಮೇಲೆ ಗದ್ದೆಗೆ ಮಣ್ಣು ಹಾಕಿ ತೆಂಗು ಅಡಿಕೆ ಮಾಡಿದ್ದು, ಬಾವಿ ತೋಡಿದ್ದೂ ಅವರೇ ಆಗಿರ್ಬಹುದು. ಪಾಲು ಕೇಳಿ, ಬೇಡ ಅನ್ನುದಿಲ್ಲ, ಆದ್ರೆ ಅವರು ಕಟ್ಟಿದ ಮನೆ, ಎಬ್ಬಿಸಿದ ತೋಟ ಅವರ ಪಾಲಿಗೇ ಬರುವ ಹಾಗೆ ಮೊದಲು ಕೂತು ಮಾತಾಡಿ. ಕೋರ್ಟಿಗೆ ಹೋದ್ರೂ ಪಾಲು ಮಾಡುವಾಗ ಅದನ್ನ ನೋಡ್ತಾರೆ.

ಮುಂಬೈ_ಮಗ:
ಮಕ್ಕಳಕಟ್ಟು ನಮ್ಮದು. ಪಾಲುಪಟ್ಟಿ ಅಂತ ಯಾವತ್ತೂ ಆಗಿಲ್ಲ ಅಂತಾರೆ ಅಪ್ಪ. ಬೈಲುಮನೆಯವ್ರೇ, ನೀವು ಹೇಳಿದ್ದು ಸರಿ, ಮನೆ ತೋಟ ಅಣ್ಣಂದಿರಿಗೇ ಇರ್ಲಿ, ಅಪ್ಪನಿಗೆ ಬೇಕಾದ್ದು ಬೈಲಿನ ಗದ್ದೆಲಿ ಒಂದು ತುಂಡು ಅಷ್ಟೇ. ಮಾರಿಬಿಟ್ರೆ ಏನು ಮಾಡೋದು ಅಂತ ಹೆದರಿಕೆ. ಮಂಡಳಿ ಫೈಲ್ ಎಲ್ಲಿ ಸಿಗುತ್ತೆ?

ಕೋರ್ಟ್_ಹಳಬ:
ಮಾತುಕತೆ ಮಾಡಿ, ಆದ್ರೆ ಅದೇ ನೆಪದಲ್ಲಿ ವರ್ಷ ಕಳೀಬೇಡಿ. ನಿಮಗೆ ಪಾಲಿಲ್ಲ ಅಂತ ಅವರು ಹೇಳಿದ್ದು ಗೊತ್ತಾದಾಗಿಂದ 12 ವರ್ಷ ವಾಯಿದೆ. ದಾವೆ ಹಾಕೋ ದಿನವೇ ತಡೆಯಾಜ್ಞೆಗೂ ಅರ್ಜಿ ಕೊಡಿ, ಆಮೇಲೆ ಮಾರಿದ್ರೂ ಕೊಂಡವರು ತೀರ್ಪಿಗೆ ತಲೆಬಾಗ್ಲೇಬೇಕು. ಅತ್ತೆಯಂದಿರು ಇದ್ರೆ ಅವರನ್ನೂ ಪಾರ್ಟಿ ಮಾಡಿ, ಇಲ್ಲಾಂದ್ರೆ ಎದುರಿನವರು ಮೊದಲು ಎತ್ತೋ ತಕರಾರು ಅದೇ.

ಫೈಲ್ ತಾಲೂಕು ಆಫೀಸಿನ ರೆಕಾರ್ಡ್ ರೂಮಲ್ಲಿ ಕೇಳಿ. ಬರೀ ಫಾರಂ 10 (ಮಂಡಳಿ ತೀರ್ಪಿನ ಮೇಲೆ ಕೊಟ್ಟ ಹಕ್ಕುಪತ್ರ) ತಗೊಂಡು ವಾಪಸ್ ಬರ್ಬೇಡಿ, ಪೂರ್ತಿ ಫೈಲಿನ ದೃಢೀಕೃತ ನಕಲು ಬೇಕು. ಅದರಲ್ಲಿ ನಿಮ್ಮ ದೊಡ್ಡಪ್ಪ ಕೊಟ್ಟ ಹೇಳಿಕೆ ಇರುತ್ತೆ. "ನಮ್ಮ ತಂದೆ ಕಾಲದಿಂದ ಗೇಣಿ ಮಾಡ್ತಾ ಬಂದಿದ್ದೇವೆ" ಅನ್ನೋ ಥರ ಒಂದು ಸಾಲು ಇದ್ರೆ ನಿಮ್ಮ ಅರ್ಧ ಕೇಸ್ ಅಲ್ಲೇ ಇದೆ. ಜೊತೆಗೆ 1973-74ರ ಆರ್‌ಟಿಸಿ ತೆಗೆಸಿ, ಸಾಗುವಳಿದಾರ ಅಂತ ಯಾರ ಹೆಸರಿದೆ ನೋಡಿ. ನಿಮ್ಮೂರು ಬೈಂದೂರು ಕಡೆಗೆ ಸೇರಿದ್ರೆ, ಅದು ಕುಂದಾಪುರದಿಂದ ಬೇರೆ ತಾಲೂಕಾದ್ಮೇಲೆ ಹಳೇ ಫೈಲ್ ಅಲ್ಲಿರಬಹುದು, ಕುಂದಾಪುರದಲ್ಲೇ ಉಳಿದಿರಬಹುದು, ಎರಡೂ ಕಡೆ ವಿಚಾರಿಸಿ. ಅಪ್ಪನ ಹತ್ರ ಹಳೇ ಮನಿಯಾರ್ಡರ್ ರಶೀದಿ ಉಳಿದಿದ್ರೆ ಅದನ್ನೂ ಎತ್ತಿಡಿ.